ನಾಲ್ಕನೇ ಕಾಲು

ಚಿಲಕನ ಪಕ್ಕದಲ್ಲಿ ಐದು ನಿಮಿಷ ಕೂತವರಿಗೆ ಅವನ ಎಲೆಕ್ಟ್ರಾನಿಕ್ ಚಿಪ್ಪಿನ ಕತೆ ಕೇಳದೆ ಎದ್ದುಹೋಗುವ ಭಾಗ್ಯ ಇರಲಿಲ್ಲ. ಹಲ್ಲಿನ ಡಾಕ್ಟರು ಬಾಯೊಳಗೆ ಕನ್ನಡಿ ಇಟ್ಟಿದ್ದಷ್ಟು ಹೊತ್ತು ಮಾತ್ರ ಸುಮ್ಮನಿರುತ್ತಿದ್ದ. ಕನ್ನಡಿ ಆಚೆ ಬಂದ ಕೂಡಲೇ ಕತೆ ಶುರು. ಒಂದು ಕಾಲಕ್ಕೆ ಮನೆಮನೆಯ ಟಿವಿ ಮುಂದೆ ಕೂತಿರುತ್ತಿದ್ದ ಬೂದು ಬಣ್ಣದ ವಿಡಿಯೋ ಗೇಮ್ ಪೆಟ್ಟಿಗೆ. ಅದರೊಳಗೆ ಬೆರಳಿನ ಒಂದು ಗೆಣ್ಣಿನಷ್ಟು ಉದ್ದದ ಕಪ್ಪು ಚಿಪ್. ಚಿಪ್ಪಿನ ಹೊಟ್ಟೆಯೊಳಗೆ ಚಿಲಕನೇ ಒಂದೂವರೆ ವರ್ಷ ಕೂತು ಬರೆದ, ಅದಕ್ಕೆ ಕೆಲಸ ಹೇಳಿಕೊಡುವ ಪುಟಾಣಿ ಫರ್ಮ್‌ವೇರ್. ಕಂಪನಿಯ ಅಸಲಿ ಕ್ಯಾಸೆಟ್ಟು ತೂರಿಸಿದರೆ ಆಟ ನಡೆಯುತ್ತದೆ. ನಕಲಿ ತೂರಿಸಿದರೆ ಪೆಟ್ಟಿಗೆ ಸೆಕೆಂಡಿಗೊಮ್ಮೆ ಆರುತ್ತದೆ, ಹೊತ್ತಿಕೊಳ್ಳುತ್ತದೆ, ಆರುತ್ತದೆ, ಹೊತ್ತಿಕೊಳ್ಳುತ್ತದೆ. ಮುಂದಿನ ಕೆಂಪು ದೀಪ ಕಣ್ಣು ಹೊಡೆಯುತ್ತ ಅಣಕಿಸುತ್ತದೆ. ಆ ಬೀಗವನ್ನು ಯಾರೂ ತೆರೆಯಲಿಲ್ಲ ಎಂಬಲ್ಲಿಗೆ ಕತೆ ಮುಗಿಯುತ್ತಿತ್ತು. ಆ ಪೆಟ್ಟಿಗೆ ತಯಾರಿಸುವ ಕಾರ್ಖಾನೆಯಲ್ಲಿ ಅವನಿಗೆ ಚಿಲಕ ಎಂಬ ಹೆಸರು ಬಿದ್ದಿದ್ದು ಅದಕ್ಕೇ.

ಕತೆ ಅಲ್ಲಿಗೆ ಬಂದಾಗೆಲ್ಲ ಅವನ ಹೆಂಡತಿ ಆಕಳಿಸುತ್ತಿದ್ದಳು. ಮೂವತ್ತನಾಲ್ಕು ವರ್ಷದ ಅಭ್ಯಾಸದಿಂದ ಆ ಆಕಳಿಕೆ ಎಷ್ಟು ಪಳಗಿತ್ತೆಂದರೆ, ಅದು ಸುಳ್ಳು ಆಕಳಿಕೆ ಎಂದು ಯಾರಿಗೂ ಅನುಮಾನ ಬಂದಿರಲಿಲ್ಲ. ಆ ಬೀಗವನ್ನು ತೆರೆದವಳು ಅವಳೇ. ಮದುವೆಗೆ ಎಂಟು ತಿಂಗಳ ಮೊದಲು, ಅದೇ ಕಾರ್ಖಾನೆಯಲ್ಲಿ, ತಲೆಯಿಂದ ತೆಗೆದ ಒಂದು ಹೇರ್‌ಪಿನ್ನಿನಿಂದ.

ಅವಳನ್ನು ಅಲ್ಲಿ ಎಲ್ಲರೂ ಎಡಚಿ ಎನ್ನುತ್ತಿದ್ದರು. ಮೂವತ್ತು ಜನ ಬಲಗೈಯವರ ನಡುವೆ ಒಬ್ಬಳೇ ಎಡಗೈಯಲ್ಲಿ ಬೆಸುಗೆ ಹಾಕುವ ಸೋಲ್ಡರಿಂಗ್ ಐರನ್ ಹಿಡಿಯುತ್ತಿದ್ದಳು. ಅವಳಿಗೋಸ್ಕರ ಮೇಜಿನ ಸ್ಟ್ಯಾಂಡನ್ನು ತಿರುಗಿಸಿ ಇಡಬೇಕಾಗುತ್ತಿತ್ತು. ಅವಳ ಕೆಲಸ ಪರೀಕ್ಷೆಯ ವಿಭಾಗದಲ್ಲಿ. ತಯಾರಾಗಿ ಬಂದ ಪ್ರತಿ ಪೆಟ್ಟಿಗೆಗೂ ಪರೀಕ್ಷೆಯ ಕ್ಯಾಸೆಟ್ಟು ತೂರಿಸಿ, ಚಿತ್ರ ಬಂತೇ, ಸದ್ದು ಬಂತೇ, ಗುಂಡಿಗಳು ಕೇಳುತ್ತವೆಯೇ ಎಂದು ನೋಡಿ ಮುಂದಕ್ಕೆ ತಳ್ಳಬೇಕು. ದಿನಕ್ಕೆ ನಾನ್ನೂರು ಸಲ ತೂರಿಸಿ ಎಳೆದರೆ ಯಾವ ಕ್ಯಾಸೆಟ್ಟು ತಾನೇ ತಡೆದೀತು? ಕ್ಯಾಸೆಟ್ಟಿನೊಳಗೂ ಒಂದು ಚಿಪ್ ಇರುತ್ತಿತ್ತು, ಅದು ವಾರಕ್ಕೊಂದರಂತೆ ಸಾಯುತ್ತಿತ್ತು. ಹೊಸ ಚಿಪ್ ಬೇಕೆಂದರೆ ಮೇಲಿನ ಮಹಡಿಯ ಚಿಲಕನ ಕಬೋರ್ಡಿನಿಂದಲೇ ಬರಬೇಕು. ಕಳ್ಳರ ಕೈಗೆ ಸಿಕ್ಕೀತೆಂಬ ಹೆದರಿಕೆಗೆ ಅವನು ಒಂದೊಂದು ಚಿಪ್ಪಿಗೂ ಮೂರು ಸಹಿ ಕೇಳುತ್ತಿದ್ದ. ಮೂರು ಸಹಿಗೆ ಮೂರು ದಿನ.

ಒಂದು ವಾರ ಎಲ್ಲ ಕ್ಯಾಸೆಟ್ಟುಗಳೂ ಒಟ್ಟಿಗೆ ಕೈಕೊಟ್ಟವು. ಪೆಟ್ಟಿಗೆಗಳು ಸಾಲಾಗಿ ಬಂದು ನಿಂತವು, ಮೇಸ್ತ್ರಿಯ ಗಂಟಲು ಏರಿತು, ಮೇಲಿನಿಂದ ಸಹಿ ಮಾತ್ರ ಇಳಿಯಲಿಲ್ಲ. ಎಡಚಿಗೆ ಸುಮ್ಮನೆ ಕೂತು ಗೊತ್ತಿಲ್ಲ. ಒಂದು ಪೆಟ್ಟಿಗೆ, ಒಂದು ಸತ್ತ ಕ್ಯಾಸೆಟ್ಟು ಎರಡನ್ನೂ ಬಿಚ್ಚಿ ಪಕ್ಕಪಕ್ಕ ಇಟ್ಟುಕೊಂಡಳು. ಎರಡರೊಳಗೂ ಇದ್ದದ್ದು ಒಂದೇ ಚಿಪ್, ಬೆನ್ನ ಮೇಲೆ ಒಂದೇ ನಂಬರು. ಹಾಗಾದರೆ ಪೆಟ್ಟಿಗೆಯೊಳಗಿನದಕ್ಕೆ ತಾನು ಬಾಗಿಲು ಕಾಯುವವನು, ಕ್ಯಾಸೆಟ್ಟಿನೊಳಗಿನದಕ್ಕೆ ತಾನು ಬಾಗಿಲು ತಟ್ಟುವವನು ಎಂದು ಗೊತ್ತಾಗುವುದು ಹೇಗೆ? ಚಿಪ್ಪಿನಿಂದ ಹೊರಚಾಚಿದ ಹದಿನಾರು ಲೋಹದ ಕಾಲುಗಳನ್ನು ಒಂದೊಂದಾಗಿ ಹೋಲಿಸಿ ನೋಡಿದಳು. ಹದಿನೈದು ಒಂದೇ ಥರ. ನಾಲ್ಕನೆಯದರ ತಂತಿ ಮಾತ್ರ ಪೆಟ್ಟಿಗೆಯಲ್ಲಿ ಒಂದು ಕಡೆಗೆ, ಕ್ಯಾಸೆಟ್ಟಿನಲ್ಲಿ ಇನ್ನೊಂದು ಕಡೆಗೆ ಹೋಗಿತ್ತು.

ಪೆಟ್ಟಿಗೆಯ ಚಿಪ್ಪಿನ ಆ ಕಾಲಿನ ಬೆಸುಗೆ ಕರಗಿಸಿ, ಹೇರ್‌ಪಿನ್ನಿನಿಂದ ಮೆಲ್ಲಗೆ ಎತ್ತಿದಳು. ಕಾವಲುಗಾರನಿಗೆ ತಾನು ಕಾವಲುಗಾರ ಎಂಬುದೇ ಮರೆತುಹೋಯಿತು. ಅವನೂ ನೆಂಟನ ಹಾಗೆ ಕೂತುಬಿಟ್ಟ. ಪ್ರಶ್ನೆ ಕೇಳುವವರೇ ಇಲ್ಲದ ಮೇಲೆ ಹೊರಗೆ ದಬ್ಬುವವರು ಯಾರು? ಚಿಪ್ಪೇ ಇಲ್ಲದ ಬರೀ ಕ್ಯಾಸೆಟ್ಟು ತೂರಿಸಿದರೂ ಆಟ ಸರಾಗವಾಗಿ ನಡೆಯಿತು. ಒಂದೂವರೆ ವರ್ಷದ ಬೀಗಕ್ಕೆ ಅರ್ಧ ಗಂಟೆಯೂ ಹಿಡಿಯಲಿಲ್ಲ.

ಅವಳು ಕಳ್ಳಿಯಲ್ಲ. ಕಾಲೆತ್ತುವುದು, ಪರೀಕ್ಷೆ ಮಾಡುವುದು, ಮತ್ತೆ ಕಾಲು ಕೂರಿಸಿ ಬೆಸೆಯುವುದು, ಇಷ್ಟೇ ಅವಳ ಲೆಕ್ಕಾಚಾರ. ಇನ್ನೂ ಕಾಲು ಕೂರಿಸದ ಪೆಟ್ಟಿಗೆ ಯಾವುದೆಂದು ಮರೆಯದಿರಲಿ ಅಂತ ತಳಕ್ಕೆ ಉಗುರುಬಣ್ಣದ ಒಂದು ಕೆಂಪು ಚುಕ್ಕೆ ಇಡುತ್ತಿದ್ದಳು. ಬೆಸೆದ ಮೇಲೆ ಒರೆಸುತ್ತಿದ್ದಳು. ವಾರವೆಲ್ಲ ಚೆನ್ನಾಗಿಯೇ ನಡೆಯಿತು. ಕೊನೆಯ ದಿನ ಮಧ್ಯಾಹ್ನ ಅವಳು ಊಟ ಮುಗಿಸಿ ಬರುವಷ್ಟರಲ್ಲಿ ಲಾರಿ ಒಂದು ಗಂಟೆ ಮುಂಚಿತವಾಗಿ ಬಂದು, ಚುಕ್ಕೆಯಿದ್ದ ನಲವತ್ತು ಪೆಟ್ಟಿಗೆಗಳನ್ನು ಹೊತ್ತು ಹೊರಟೇ ಹೋಗಿತ್ತು. ಖಾಲಿ ರ‍್ಯಾಕಿನ ಮುಂದೆ ನಿಂತ ಎಡಚಿ ಗೇಟಿನವರೆಗೆ ಓಡಿದಳು, ಲಾರಿಯ ಧೂಳು ಮಾತ್ರ ಸಿಕ್ಕಿತು.

ಮೂರು ತಿಂಗಳಲ್ಲಿ ಗುಸುಗುಸು ಶುರುವಾಯಿತು. ಎಲ್ಲೋ ಒಂದು ಅದೃಷ್ಟದ ಪೆಟ್ಟಿಗೆಯಂತೆ, ಎಂಥ ನಕಲಿ ಕ್ಯಾಸೆಟ್ಟು ಹಾಕಿದರೂ ನುಂಗುತ್ತದಂತೆ. ಚಿಲಕ ಉರಿದುಬಿದ್ದ. ಅಂಥ ಪೆಟ್ಟಿಗೆ ಇದ್ದರೆ ತಂದು ತೋರಿಸಿ ಎಂದು ಪತ್ರಿಕೆಯಲ್ಲೇ ಹಾಕಿಸಿದ. ಕೈಗೆ ಸಿಕ್ಕ ಅದೃಷ್ಟವನ್ನು ಯಾವ ಮಗು ತಾನೇ ತಂದುಕೊಡುತ್ತದೆ? ಒಂದೂ ಬರಲಿಲ್ಲ. ಆದರೂ ಸಮಾಧಾನವಿಲ್ಲದೆ ಮಹಡಿಯಿಂದ ಇಳಿದು ಬಂದು, ಪರೀಕ್ಷೆಯ ವಿಭಾಗದಲ್ಲಿ ಒಂದೊಂದು ಮೇಜಿನ ಮುಂದೆಯೂ ನಿಂತು ವಿಚಾರಣೆ ಮಾಡಿದ. ಎಡಚಿಯ ಮೇಜಿನ ವಿಚಾರಣೆ ಯಾಕೋ ಬೇಗ ಮುಗಿಯಲಿಲ್ಲ. ಮರುದಿನ ಮತ್ತೆ ಬಂದ. ವಾರ ಬಿಟ್ಟು ಮತ್ತೆ ಬಂದ. ಕೊನೆಗೆ ವಿಚಾರಣೆ ಮದುವೆಯಲ್ಲಿ ಮುಕ್ತಾಯವಾಯಿತು. ಅದೃಷ್ಟದ ಪೆಟ್ಟಿಗೆ ಬರೀ ವದಂತಿ ಎಂದು ಅವನು ವರದಿ ಬರೆದ. ಬರೆಯುವಾಗ ಅವನ ಗಮನ ವರದಿಯ ಮೇಲೆ ಇದ್ದಿರಲಾರದು.

ಅವಳು ಹೇಳಲಿಲ್ಲ. ಮೊದಲು ಕೆಲಸ ಹೋದೀತೆಂಬ ಭಯ. ಆಮೇಲೆ ಹೊಸ ಮದುವೆ. ಆಮೇಲೆ ಮಗಳು. ಆಮೇಲೆ ಕಾರ್ಖಾನೆ ಮುಚ್ಚಿತು, ಚಿಲಕ ಲಿಫ್ಟ್ ರಿಪೇರಿಯ ಕಂಪನಿಗೆ ಸೇರಿ ಇಪ್ಪತ್ತು ವರ್ಷ ಬೇರೆಯವರು ಬರೆದ ಕೈಪಿಡಿ ತಿರುವಿ ಹಾಕಿದ. ಅವನದು ಅಂತ ಉಳಿದದ್ದು ಆ ಬೀಗ ಒಂದೇ. ಅದನ್ನೂ ಕಿತ್ತುಕೊಳ್ಳಲು ಎಡಚಿಗೆ ಮನಸ್ಸು ಬರಲಿಲ್ಲ. ಚಿಪ್ಪಿನ ಮಾತು ಬಂದರೆ ಎಲ್ಲಿ ಬಾಯಿ ಜಾರುತ್ತದೋ ಎಂದು ಆಕಳಿಸುವುದನ್ನು ಕಲಿತಳು. ಮಗಳಂತೂ ಅಮ್ಮನಿಗೆ ತಾಂತ್ರಿಕ ವಿಷಯ ತಲೆಗೆ ಹತ್ತುವುದಿಲ್ಲ ಎಂದೇ ತಿಳಿದಿದ್ದಳು, ಮನೆಯ ರೇಡಿಯೋ, ಇಸ್ತ್ರಿಪೆಟ್ಟಿಗೆ, ಬಾಗಿಲ ಗಂಟೆ ಎಲ್ಲವನ್ನೂ ಅಮ್ಮನೇ ಬೆಸೆದು ನಡೆಸುತ್ತಿದ್ದರೂ.

ಹೀಗಿರುವಾಗ ಆಟಿಕೆಗಳ ಮ್ಯೂಸಿಯಮ್ಮಿನಿಂದ ಪತ್ರ ಬಂತು. ಹಳೆಯ ವಿಡಿಯೋ ಗೇಮುಗಳ ಪ್ರದರ್ಶನವಂತೆ. ಬೀಗ ಮಾಡಿದ ಮಹನೀಯರು ಬಂದು, ಇನ್ನೂರು ಜನರ ಮುಂದೆ ಅಸಲಿ ಕ್ಯಾಸೆಟ್ಟನ್ನೂ ನಕಲಿಯನ್ನೂ ಹಾಕಿ ತೋರಿಸಬೇಕಂತೆ. ಚಿಲಕನ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಹೊಸ ಅಂಗಿ ಹೊಲಿಸಿದ, ಭಾಷಣ ಬರೆದ, ಕನ್ನಡಿಗೆ ಹೇಳಿದ, ಕನ್ನಡಿಗೆ ಬೇಜಾರಾದ ಮೇಲೆ ಹೆಂಡತಿಗೆ ಹೇಳಿದ. ಅವಳು ವಾಡಿಕೆಯಂತೆ ಆಕಳಿಸಿದಳು.

ಕಾರ್ಯಕ್ರಮದ ಹಿಂದಿನ ಮಧ್ಯಾಹ್ನ ಇಬ್ಬರೂ ಮ್ಯೂಸಿಯಮ್ಮಿಗೆ ಹೋದರು. ಅಲ್ಲಿಯ ವಸ್ತುಗಳ ಉಸ್ತುವಾರಿಯ ಕ್ಯುರೇಟರ್, ಮೂವತ್ತು ದಾಟಿರದ ಚುರುಕು ಹೆಣ್ಣುಮಗಳು, ಹಿಂದಿನ ಕೋಣೆಯ ಮೇಜಿನ ಮೇಲೆ ಮುಚ್ಚಳ ತೆಗೆದಿಟ್ಟ ಪೆಟ್ಟಿಗೆಯೊಂದನ್ನು ತೋರಿಸಿದಳು. ಒಳಗಿನ ಚಿಪ್ ಕ್ಯಾಮೆರಾದಲ್ಲಿ ದೊಡ್ಡ ಪರದೆಗೆ ಬರುತ್ತದೆ ಎಂದಳು. ಆ ಮಾದರಿಯಲ್ಲಿ ನಡೆಯುವ ಸ್ಥಿತಿಯಲ್ಲಿ ಇವರ ಬಳಿ ಇದ್ದದ್ದು ಇದೊಂದೇ. ಆಮೇಲೆ ಮೈಕ್ ನೋಡೋಣ ಬನ್ನಿ ಸರ್ ಎಂದು ಚಿಲಕನನ್ನು ಸಭಾಂಗಣಕ್ಕೆ ಕರೆದುಕೊಂಡು ಹೋದಳು.

ಒಬ್ಬಳೇ ಉಳಿದ ಎಡಚಿ ಹಳೆಯ ಅಭ್ಯಾಸಕ್ಕೆ ಪೆಟ್ಟಿಗೆಯನ್ನು ಎತ್ತಿ ತಳ ನೋಡಿದಳು. ಕೆಂಪು ಚುಕ್ಕೆ. ಸ್ವಲ್ಪ ಮಾಸಿತ್ತು, ಆದರೆ ಅವಳದೇ ಚುಕ್ಕೆ. ಒಳಗೆ ನಾಲ್ಕನೇ ಕಾಲು ಗಾಳಿಯಲ್ಲಿತ್ತು.

ಅವಳಿಗೆ ಕೂರಲೂ ಆಗಲಿಲ್ಲ, ನಿಲ್ಲಲೂ ಆಗಲಿಲ್ಲ. ನಾಳೆ ಅವನು ಹೊಸ ಅಂಗಿ ತೊಟ್ಟು, ಇನ್ನೂರು ಜನರ ಮುಂದೆ ಎದೆಯುಬ್ಬಿಸಿ ನಕಲಿ ಕ್ಯಾಸೆಟ್ಟು ಹಾಕುತ್ತಾನೆ, ಆಟ ಕುಣಿದಾಡಿಕೊಂಡು ಶುರುವಾಗುತ್ತದೆ. ಇಳಿವಯಸ್ಸಿನಲ್ಲಿ ಗಂಡನ ಮಾನ ಹರಾಜಾಗುತ್ತದೆ, ಹರಾಜಿಗಿಟ್ಟವಳು ತಾನು. ಗೋಡೆಯ ಪಕ್ಕ ರಿಪೇರಿ ಮೇಜಿತ್ತು, ಮೇಜಿನ ಮೇಲೆ ಸೋಲ್ಡರಿಂಗ್ ಐರನ್ ಇತ್ತು. ಸಭಾಂಗಣದಿಂದ ಹಲೋ ಹಲೋ ಎಂಬ ಅವನ ದನಿ ಕೇಳುತ್ತಿತ್ತು. ಎಡಚಿ ಪ್ಲಗ್ ಹಾಕಿ, ಐರನ್ ಕಾಯುವವರೆಗೆ ಬಾಗಿಲ ಕಡೆ ಕಣ್ಣಿಟ್ಟು, ಮೂವತ್ತನಾಲ್ಕು ವರ್ಷದ ಬಾಕಿ ಕೆಲಸವನ್ನು ಒಂದೂವರೆ ನಿಮಿಷದಲ್ಲಿ ಮುಗಿಸಿದಳು. ಅಭ್ಯಾಸಬಲದಿಂದ ಚುಕ್ಕೆಯನ್ನೂ ಉಗುರಿನಿಂದ ಕೆರೆದು ಒರೆಸಿದಳು. ಲೋಕದಲ್ಲಿ ಎಲ್ಲರೂ ಗೇಮ್ ಪೆಟ್ಟಿಗೆಗಳ ಬೀಗ ಒಡೆಯಲು ಕದ್ದು ಕೈಹಾಕುತ್ತಾರೆ. ಕದ್ದು ಬೀಗ ಹಾಕಿದವಳು ಬಹುಶಃ ಇವಳೊಬ್ಬಳೇ.

ಮರುದಿನ ಬೆಳಿಗ್ಗೆ ಸಭಾಂಗಣ ತುಂಬಿತ್ತು. ಎಡಚಿ ಮೂರನೇ ಸಾಲಿನಲ್ಲಿ ನಿರಾಳವಾಗಿ ಕೂತಳು. ಚಿಲಕ ಭಾಷಣದ ಅರ್ಧ ಮರೆತ, ಮರೆತದ್ದೇ ಒಳ್ಳೆಯದಾಯಿತು. ಅಸಲಿ ಕ್ಯಾಸೆಟ್ಟು ಹಾಕಿದ, ಆಟ ನಡೆಯಿತು. ನಕಲಿ ಹಾಕಿದ. ಕೆಂಪು ದೀಪ ಆರಿತು, ಹೊತ್ತಿತು, ಆರಿತು, ಹೊತ್ತಿತು. ಜನ ಚಪ್ಪಾಳೆ ತಟ್ಟಿದರು. ಚಿಲಕ ಮದುವೆಯ ದಿನವೂ ಅಷ್ಟು ಅಗಲ ನಕ್ಕಿರಲಿಲ್ಲ.

ಕ್ಯುರೇಟರ್ ಹೆಣ್ಣುಮಗಳ ಮುಖ ಮಾತ್ರ ಬಿಳಿಚಿಕೊಂಡಿತ್ತು. ಅವಳು ಮೈಕಿನ ಬಳಿ ಬಂದು, ಕ್ಷಮಿಸಿ, ಇದು ಹೀಗಾಗಬಾರದಿತ್ತು ಎಂದಳು. ಅವಳ ಮಾತಿನ ಪ್ರಕಾರ ಅದು ಸಾಮಾನ್ಯ ಪೆಟ್ಟಿಗೆಯಲ್ಲ, ಹೆಸರುವಾಸಿಯಾದ ಅದೃಷ್ಟದ ಪೆಟ್ಟಿಗೆಗಳಲ್ಲಿ ಒಂದು. ನಾಲ್ಕು ವರ್ಷ ಹುಡುಕಿ ಸಂಪಾದಿಸಿದ್ದು. ಹೋದ ವಾರ ಅವಳೇ ಮೂರು ದಿನ ಅದರಲ್ಲಿ ನಕಲಿ ಕ್ಯಾಸೆಟ್ಟು ಹಾಕಿ ಆಡಿದ್ದಳು. ಇವತ್ತು ಆಟ ನಡೆದಾಗ, ಕಾಲು ಎತ್ತಿದ್ದು ಯಾರ ಕೈವಾಡ ಇರಬಹುದು ಎಂದು ಬೀಗ ಮಾಡಿದವರನ್ನೇ ಕೇಳಿ ಎಲ್ಲರನ್ನೂ ಬೆರಗುಗೊಳಿಸಬೇಕೆಂದಿದ್ದಳಂತೆ.

ಎಡಚಿಗೆ ಕೂತ ಕುರ್ಚಿ ಜಾರಿದಂತಾಯಿತು. ಮ್ಯೂಸಿಯಮ್ಮಿನ ಮುತ್ತಿನಂಥ ವಸ್ತುವನ್ನು ತಾನು ರಿಪೇರಿ ಮಾಡಿ ಕೆಡಿಸಿದ್ದಳು.

ಅದೃಷ್ಟದ ಪೆಟ್ಟಿಗೆ ಬರೀ ವದಂತಿ ಅಂತ ಅವತ್ತೇ ವರದಿ ಬರೆದಿದ್ದೇನೆ ಎಂದು ಚಿಲಕ ಗತ್ತಿನಿಂದ ಹೇಳಿದ. ಜನ ನಕ್ಕರು. ಯಾರೋ ಹಿಂದಿನಿಂದ, ಕನಸು ಕಂಡಿರಬೇಕು ಎಂದರು. ಕ್ಯುರೇಟರ್ ಹಟ ಬಿಡದೆ ಕ್ಯಾಮೆರಾವನ್ನು ಚಿಪ್ಪಿನ ಹತ್ತಿರಕ್ಕೆ ತಂದಳು. ದೊಡ್ಡ ಪರದೆಯ ಮೇಲೆ ಕಾಲುಗಳು ಕಂಬಗಳ ಹಾಗೆ ಎದ್ದು ನಿಂತವು. ಹದಿನೈದರ ಬುಡದಲ್ಲಿ ಮಂಕು ಬಣ್ಣದ ಹಳೆಯ ಬೆಸುಗೆ. ನಾಲ್ಕನೆಯದರ ಬುಡದಲ್ಲಿ ಸಾಸಿವೆಯಷ್ಟೇ ಅಚ್ಚುಕಟ್ಟಾದ, ಫಳಫಳ ಹೊಳೆಯುವ ಹನಿ. ಕೊನೆಯಲ್ಲಿ ಎಡಗೈಯಿಂದ ಎಳೆದು ಬಿಟ್ಟ ಒಂದು ಚಿಕ್ಕ ಬಾಲ.

ಅಂಥ ಬಾಲ ಚಿಲಕನ ಮನೆಯ ರೇಡಿಯೋದಲ್ಲಿದೆ, ಇಸ್ತ್ರಿಪೆಟ್ಟಿಗೆಯಲ್ಲಿದೆ, ಬಾಗಿಲ ಗಂಟೆಯಲ್ಲಿದೆ. ಅವನು ಪರದೆ ನೋಡಿದ. ಹತ್ತಿರ ಹೋಗಿ ನೋಡಿದ. ಆಮೇಲೆ ಮೆಲ್ಲಗೆ ತಿರುಗಿ ಮೂರನೇ ಸಾಲನ್ನು ನೋಡಿದ. ಮುಖದ ನಗು ಅಲ್ಲೇ ಇತ್ತು, ಯಾರೋ ಬಿಟ್ಟುಹೋದ ಟೋಪಿಯ ಹಾಗೆ.

ಅವನು ಹೇಳುವುದಿಲ್ಲ ಎಂದು ಎಡಚಿಗೆ ಒಂದೇ ಕ್ಷಣದಲ್ಲಿ ಗೊತ್ತಾಯಿತು. ಅವಳು ಕಣ್ಣು ತಗ್ಗಿಸಿದರೆ ಸಾಕು, ಅವನೂ ನುಂಗಿಕೊಳ್ಳುತ್ತಾನೆ. ಬೀಗ ಉಳಿಯುತ್ತದೆ, ಮಾನ ಉಳಿಯುತ್ತದೆ. ಆದರೆ ವೇದಿಕೆಯ ಮೇಲೆ ಆ ಹೆಣ್ಣುಮಗಳು ಇನ್ನೂರು ಜನರ ನಗುವಿನ ನಡುವೆ ಸುಳ್ಳಿಯಾಗಿ ನಿಂತಿದ್ದಳು, ಕಣ್ಣಲ್ಲಿ ನೀರು ತುಂಬಿಕೊಂಡು. ಎಡಚಿಗೆ ತನ್ನ ಮೇಲೇ ಸಿಟ್ಟು ಬಂತು. ಎದ್ದು ನಿಂತಳು.

"ಅವರು ಸುಳ್ಳು ಹೇಳ್ತಾ ಇಲ್ಲ. ನಿನ್ನೆ ಮಧ್ಯಾಹ್ನ ಆ ಕಾಲನ್ನ ಕೂರಿಸಿದ್ದು ನಾನು."

ಚಿಲಕ ಮೈಕನ್ನು ಎರಡೂ ಕೈಯಲ್ಲಿ ಹಿಡಿದುಕೊಂಡ.

"ಎತ್ತಿದ್ದು ಯಾರು?"

"ಅದೂ ನಾನೇ."

"ಎಷ್ಟು ಹೊತ್ತು ಹಿಡೀತು?"

ಅವಳಿಗೆ ಸುಳ್ಳು ಹೇಳುವ ಶಕ್ತಿ ಉಳಿದಿರಲಿಲ್ಲ. "ಅರ್ಧ ಗಂಟೆ. ಅದರಲ್ಲಿ ಹದಿನೈದು ನಿಮಿಷ ಮೇಸ್ತ್ರಿ ಆಚೆ ಹೋಗ್ಲಿ ಅಂತ ಕಾದಿದ್ದು."

ಸಭೆ ಬಿದ್ದು ಬಿದ್ದು ನಕ್ಕಿತು. ಕ್ಯುರೇಟರ್ ಕಣ್ಣೊರೆಸಿಕೊಳ್ಳುತ್ತಲೇ ನಕ್ಕಳು. ಚಿಲಕ ನಗಲಿಲ್ಲ. ಹಿಂದಿನ ಕೋಣೆಯಿಂದ ಐರನ್ ತರಿಸಿ, ಪ್ಲಗ್ ತಾನೇ ಹಾಕಿ, ಸ್ಟ್ಯಾಂಡನ್ನು ಎಡಗಡೆಗೆ ತಿರುಗಿಸಿ ಇಟ್ಟು, ಬಾ, ತೋರಿಸು ಎಂದ. ಅವಳು ವೇದಿಕೆ ಹತ್ತಿ, ಪರದೆಯ ಮೇಲೆ ತನ್ನ ಬೆರಳುಗಳು ಬಾಳೆಹಣ್ಣಿನಷ್ಟು ದಪ್ಪ ಕಾಣುತ್ತಿದ್ದದ್ದಕ್ಕೆ ನಾಚಿಕೊಳ್ಳುತ್ತ, ಹೇರ್‌ಪಿನ್ನಿನಿಂದ ಕಾಲನ್ನು ಮತ್ತೆ ಎತ್ತಿದಳು. ನಕಲಿ ಕ್ಯಾಸೆಟ್ಟು ಹಾಕಿದರೆ ಆಟ ಕುಣಿದಾಡಿಕೊಂಡು ಬಂತು. ಆ ದಿನದ ದೊಡ್ಡ ಚಪ್ಪಾಳೆ ಅದಕ್ಕೇ ಬಿತ್ತು. ಕ್ಯುರೇಟರ್ ಅವಳ ಎರಡೂ ಕೈ ಹಿಡಿದುಕೊಂಡು, ನಾಲ್ಕು ವರ್ಷದಿಂದ ನಿಮ್ಮನ್ನೇ ಹುಡುಕುತ್ತಿದ್ದೆ ಅಮ್ಮಾ ಎಂದಳು. ಒರೆಸಿದ ಚುಕ್ಕೆಯನ್ನು ಮಾತ್ರ ಮತ್ತೆ ಇಟ್ಟುಕೊಡಬೇಕೆಂದು ಷರತ್ತು ಹಾಕಿದಳು.

ಮಧ್ಯಾಹ್ನ ಇಬ್ಬರೂ ಮ್ಯೂಸಿಯಮ್ಮಿನ ಮೆಟ್ಟಿಲಿಳಿದು ಬಸ್ ಸ್ಟಾಪಿಗೆ ನಡೆದರು. ಚಿಲಕ ಎರಡು ಹೆಜ್ಜೆ ಮುಂದೆಯೇ ನಡೆಯುತ್ತಿದ್ದ. ಎಡಚಿ ಹಿಂದೆಯೇ ಓಡುನಡಿಗೆ ಹಾಕಿದಳು. ಬೈದಿದ್ದರೆ ಚೆನ್ನಾಗಿತ್ತು, ಬೈಗುಳಕ್ಕೆ ಉತ್ತರ ಕೊಡಬಹುದು. ಸ್ಟಾಪಿನ ಕಲ್ಲುಬೆಂಚಿನ ಮೇಲೆ ಕೂತ ಮೇಲೆ ಅವನು ಎದುರಿನ ಗೋಡೆ ನೋಡುತ್ತ ಕೇಳಿದ:

"ಮರುವರ್ಷ ಎರಡನೇ ಮಾಡೆಲ್ ಬಂತಲ್ಲ. ವದಂತಿ ಕೇಳಿ, ಹುಷಾರಿಗಿರಲಿ ಅಂತ ಅದರಲ್ಲಿ ನಾನು ಆ ಕಾಲನ್ನ ಒಳಗೇ ಮುಚ್ಚಿಬಿಟ್ಟಿದ್ದೆ. ಅದನ್ನೂ ತೆಗೆದ್ರಾ ನೀವು?"

ಕೋಪ ಬಂದಾಗ ಅವನು ಹೆಂಡತಿಗೆ ಬಹುವಚನ ಹಚ್ಚುತ್ತಿದ್ದ. ಎಡಚಿ ಚಪ್ಪಲಿಯ ತುದಿ ನೋಡಿಕೊಂಡಳು.

"ಹೇಳಿ," ಎಂದ ಚಿಲಕ.

"ಅದಕ್ಕೆ ಒಂದೂವರೆ ದಿನ ಹಿಡೀತು ರೀ. ಅದು ಕಷ್ಟ ಇತ್ತು."

ಬಸ್ಸು ಬಂತು, ನಿಂತಿತು. ಚಿಲಕ ಏಳಲಿಲ್ಲ. ಬಸ್ಸು ಹೋಯಿತು. ಅವನ ಭುಜ ಕುಲುಕುತ್ತಿದ್ದದ್ದನ್ನು ನೋಡಿ ಅಳುತ್ತಿದ್ದಾನೆಂದು ಅವಳು ಬಗ್ಗಿ ಮುಖ ನೋಡಿದಳು. ನಗುತ್ತಿದ್ದ. ನಕ್ಕು ನಕ್ಕು ಕನ್ನಡಕ ತೆಗೆದು ಕಣ್ಣೊರೆಸಿಕೊಂಡ. ಆಮೇಲೆ ನಗು ನಿಂತಿತು.

"ಬೀಗ ತೆಗೆದಿದ್ದಕ್ಕೆ ನನಗೆ ಬೇಜಾರಿಲ್ಲ ಕಣೇ. ಆ ಚಿಪ್ ಬಗ್ಗೆ ಡಾಕ್ಟರಿಗೆ ಹೇಳಿದೆ, ಪೋಸ್ಟಿನವನಿಗೆ ಹೇಳಿದೆ, ಲಿಫ್ಟಲ್ಲಿ ಸಿಕ್ಕಿಹಾಕಿಕೊಂಡವರಿಗೆಲ್ಲ ಹೇಳಿದೆ. ಅರ್ಥ ಆಗೋರು ಒಬ್ಬರಾದ್ರೂ ಸಿಕ್ತಾರಾ ಅಂತ ನೋಡ್ತಾ ಇದ್ದೆ. ನೀನು ಮನೇಲಿ ಕೂತು ಆಕಳಿಸ್ತಾ ಇದ್ದೆ."

ಎಡಚಿಗೆ ಆಗ ಹೊಳೆಯಿತು. ಗಂಡನ ಹೆಮ್ಮೆ ಕಾಯುತ್ತಿದ್ದೇನೆ ಎಂದುಕೊಂಡು ಇಷ್ಟು ವರ್ಷ ಅವನನ್ನು ಒಂಟಿಯಾಗಿ ಬಿಟ್ಟಿದ್ದಳು. ತಾನೂ ಒಂಟಿಯಾಗಿದ್ದಳು. ಅವಳ ಕಣ್ಣು ಒದ್ದೆಯಾಯಿತು.

ಚಿಲಕ ಜೇಬಿನಿಂದ ಭಾಷಣದ ಹಾಳೆ ತೆಗೆದು, ಬರೆಯದ ಮಗ್ಗುಲು ಮೇಲೆ ಮಾಡಿ, ಪೆನ್ನಿನ ಜೊತೆ ಅವಳ ತೊಡೆಯ ಮೇಲಿಟ್ಟ.

"ಎರಡನೇ ಮಾಡೆಲ್. ಮೊದಲಿಂದ ಹೇಳು."

ಅವಳು ಪೆನ್ನನ್ನು ಎಡಗೈಗೆ ತೆಗೆದುಕೊಂಡು ಹದಿನಾರು ಗೆರೆ ಎಳೆದಳು. ಮುಂದಿನ ಬಸ್ಸು ಬಂದಾಗ ಇಬ್ಬರೂ ಒಂಬತ್ತನೇ ಕಾಲಿನ ಬಗ್ಗೆ ಜಗಳಕ್ಕೆ ಬಿದ್ದಿದ್ದರು. ಅದೂ ಅವರನ್ನು ಬಿಟ್ಟು ಹೋಯಿತು.